ಕಿರುನೆಲ್ಲಿಯ ಕಡ್ಡಿಯನ್ನು ಮಗುಚಿ ನೋಡಿ

ನಾಲ್ಕು ಮಳೆ ಬಿದ್ದರೆ ಸಾಕು, ದಾರಿಯ ಅಂಚಿನಲ್ಲಿ, ಗೋಡೆಯ ಬುಡದಲ್ಲಿ, ಹೂಕುಂಡದ ಮೂಲೆಯಲ್ಲಿ ಕಿರುನೆಲ್ಲಿ ತಲೆಯೆತ್ತುತ್ತದೆ. ಗೇಣುದ್ದದ ಗಿಡ. ಮೇಲಿನಿಂದ ನೋಡಿದರೆ ಹುಣಸೆಯ ಎಲೆಯನ್ನು ಹೋಲುವ ಪುಟ್ಟ ಎಲೆಗಳ ಸಾಲು, ಅಷ್ಟೆ. ಒಂದು ಕಡ್ಡಿಯನ್ನು ಮಗುಚಿ ಹಿಡಿದಾಗ ಮಾತ್ರ ಅದು ತನ್ನ ಗುರುತನ್ನು ಬಿಟ್ಟುಕೊಡುತ್ತದೆ. ಸಾಲಾಗಿರುವ ಎಲೆಗಳ ಬುಡದಲ್ಲಿ ಸಾಸಿವೆ ಕಾಳಿನಷ್ಟು ಗಾತ್ರದ ಹಸಿರು ಕಾಯಿಗಳು ಮಣಿ ಪೋಣಿಸಿದಂತೆ ತೂಗುತ್ತಿರುತ್ತವೆ.

ಗಿಡ ಗುರುತಿಸುವುದನ್ನು ಕಲಿಯಬೇಕೆನ್ನುವವರಿಗೆ ನಾನು ಮೊದಲು ತೋರಿಸಲು ಬಯಸುವುದು ಈ ಕಡ್ಡಿಯನ್ನೇ. ಹುಣಸೆಯಲ್ಲಿ ನಾವು ಎಲೆಗಳೆಂದು ಎಣಿಸುವ ಸಣ್ಣ ತುಣುಕುಗಳು ನಿಜವಾಗಿ ಕಿರುಎಲೆಗಳು. ಅವೆಲ್ಲ ಸೇರಿ ಒಂದೇ ಎಲೆ. ಕಿರುನೆಲ್ಲಿಯಲ್ಲಿ ಹಾಗಲ್ಲ. ಅಲ್ಲಿ ಪ್ರತಿಯೊಂದು ತುಣುಕೂ ಪೂರ್ಣ ಎಲೆ, ಅವುಗಳನ್ನು ಹೊತ್ತ ಕಡ್ಡಿ ಒಂದು ಕೊಂಬೆ. ಹೇಗೆ ಗೊತ್ತಾಗುತ್ತದೆ? ಮೊಗ್ಗಾಗಲಿ ಹೂವಾಗಲಿ ಹುಟ್ಟುವುದು ಎಲೆಯ ಕಂಕುಳಲ್ಲಿ. ಕಿರುಎಲೆಯ ಬುಡದಲ್ಲಿ ಎಂದೂ ಹುಟ್ಟುವುದಿಲ್ಲ. ಈ ಒಂದು ವ್ಯತ್ಯಾಸ ಕಣ್ಣಿಗೆ ಬಿದ್ದ ದಿನದಿಂದ ನುಗ್ಗೆ, ಬೇವು, ಗುಲಗಂಜಿ ಎಲ್ಲವೂ ಬೇರೆಯಾಗಿಯೇ ಕಾಣತೊಡಗುತ್ತವೆ.

ಆದರೆ ಕಿರುನೆಲ್ಲಿ ಎಂಬ ಹೆಸರಿನಡಿ ಒಂದೇ ಗಿಡವಿಲ್ಲ. ಕಾಂಡ ಹಸಿರಾಗಿದ್ದು, ಕಾಯಿಗೆ ಚಿಕ್ಕ ತೊಟ್ಟಿದ್ದು, ಮೈ ನುಣುಪಾಗಿದ್ದರೆ ಅದು ಸಾಮಾನ್ಯವಾಗಿ ಫಿಲಾಂಥಸ್ ಅಮಾರಸ್. ಲ್ಯಾಟಿನ್‌ನಲ್ಲಿ ಅಮಾರಸ್ ಎಂದರೆ ಕಹಿ. ಕಾಂಡಕ್ಕೆ ಕೆಂಪು ಛಾಯೆಯಿದ್ದು, ಕಾಯಿ ತೊಟ್ಟಿಲ್ಲದೆ ಕಡ್ಡಿಗೆ ಅಂಟಿಕೊಂಡಂತಿದ್ದು, ಅದರ ಮೈ ತರಕಲಾಗಿದ್ದರೆ ಅದು ಫಿಲಾಂಥಸ್ ಯೂರಿನೇರಿಯ, ಅಂದರೆ ಕೆಂಪು ಕಿರುನೆಲ್ಲಿ. ಎಲೆ ಬುಡದ ಕಡೆಗೆ ಬೆಣೆಯಂತೆ ಕಿರಿದಾಗುತ್ತ ಹೋದರೆ ಅದು ಮತ್ತೊಂದು, ಫಿಲಾಂಥಸ್ ಮದರಾಸ್ಪಟೆನ್ಸಿಸ್. ಇವುಗಳ ಒಳಗಿನ ರಾಸಾಯನಿಕಗಳೂ ಒಂದೇ ಅಲ್ಲ. ಅಮಾರಸ್‌ನಲ್ಲಿ ಧಾರಾಳವಾಗಿರುವ ಫಿಲಾಂಥಿನ್ ಎಂಬ ವಸ್ತು ಅದರ ಹಲವು ಸೋದರ ಗಿಡಗಳಲ್ಲಿ ಅತ್ಯಲ್ಪ ಅಥವಾ ಇಲ್ಲವೇ ಇಲ್ಲ.

1988ರಲ್ಲಿ ಮದ್ರಾಸಿನ ಸಂಶೋಧಕರು ಯಕೃತ್ತಿಗೆ ಸೋಂಕು ತರುವ ಹೆಪಟೈಟಿಸ್ ಬಿ ವೈರಾಣುವನ್ನು ಹೊತ್ತಿದ್ದವರಿಗೆ ಅಮಾರಸ್ ಪುಡಿ ಕೊಟ್ಟು ನೋಡಿದರು. ಪುಡಿ ಸೇವಿಸಿದ 37 ಜನರಲ್ಲಿ 22 ಮಂದಿಯ ರಕ್ತದಿಂದ ವೈರಾಣುವಿನ ಗುರುತು ಮಾಯವಾಯಿತು. ಹುಸಿಮದ್ದು ಸೇವಿಸಿದ 23 ಜನರಲ್ಲಿ ಒಬ್ಬರಲ್ಲಿ ಮಾತ್ರ. ಜಗತ್ತು ಕುತೂಹಲದಿಂದ ಕಿವಿ ನಿಮಿರಿಸಿತು. ಬೇರೆಡೆ ನಡೆದ ಪ್ರಯೋಗಗಳಲ್ಲಿ ಆ ಫಲಿತಾಂಶ ಮರಳಿ ಸಿಗಲಿಲ್ಲ. ಏಕೆ ಎಂಬ ಚರ್ಚೆಯಲ್ಲಿ ಎದ್ದ ಪ್ರಶ್ನೆಗಳಲ್ಲಿ ಒಂದು ತೀರ ಸರಳವಾದದ್ದು: ಎಲ್ಲರೂ ಒಂದೇ ಗಿಡವನ್ನು ಬಳಸಿದ್ದರೇ? ಮದ್ದು ಕೆಲಸ ಮಾಡುತ್ತದೆಯೇ ಇಲ್ಲವೇ ಎಂದು ಕೇಳುವುದಕ್ಕೂ ಮೊದಲು ಕೇಳಲೇಬೇಕಾದ ಪ್ರಶ್ನೆ ಇದು. ಆಗಾಗ ಬಿಟ್ಟುಹೋಗುವುದೂ ಇದೇ.

ಇನ್ನೊಂದು ಸಂಗತಿ ನನ್ನನ್ನು ಬಹಳ ದಿನ ಕಾಡಿತು. ಅಮಾರಸ್‌ನ ತವರು ಅಮೆರಿಕದ ಉಷ್ಣವಲಯ ಎಂಬುದು ಸಸ್ಯವಿಜ್ಞಾನಿಗಳ ಸಾಮಾನ್ಯ ಅಭಿಪ್ರಾಯ. ಹಾಗಿದ್ದರೆ ಆ ಖಂಡದೊಂದಿಗೆ ನಂಟು ಬೆಳೆಯುವುದಕ್ಕೂ ಎಷ್ಟೋ ಹಿಂದಿನ ಸಂಸ್ಕೃತ ವೈದ್ಯಗ್ರಂಥಗಳು ಭೂಮ್ಯಾಮಲಕಿ, ಅಂದರೆ ನೆಲದ ನೆಲ್ಲಿ, ಎಂದು ಕರೆದ ಗಿಡ ಬೇರೆ ಯಾವುದೋ ಕಿರುನೆಲ್ಲಿಯಾಗಿರಬೇಕು. ಹೊಸ ಗಿಡ ಬಂದು ಹಳೆಯದರ ಹೆಸರನ್ನೂ ಕೆಲಸವನ್ನೂ ಸದ್ದಿಲ್ಲದೆ ವಹಿಸಿಕೊಂಡಿದೆ. ಎಲ್ಲೆಲ್ಲೂ ಬೆಳೆಯುತ್ತದೆ ಎಂದ ಮಾತ್ರಕ್ಕೆ ಒಂದು ಗಿಡ ಅಲ್ಲಿಯ ಮೂಲನಿವಾಸಿ ಆಗುವುದಿಲ್ಲ.

ಹೆಸರುಗಳ ಈ ಓಡಾಟ ಬ್ರಾಹ್ಮಿಯಲ್ಲಿ ಇನ್ನೂ ಸ್ಪಷ್ಟ. ಒಬ್ಬರಿಗೆ ಬ್ರಾಹ್ಮಿ ಎಂದರೆ ಒಂದೆಲಗ: ನೆಲದ ಮೇಲೆ ಹಬ್ಬಿ ಉದ್ದ ತೊಟ್ಟಿನ ತುದಿಯಲ್ಲಿ ದುಂಡನೆಯ ಎಲೆ ಹಿಡಿಯುವ ಗಿಡ. ಇನ್ನೊಬ್ಬರಿಗೆ ನೀರುಬ್ರಾಹ್ಮಿ: ದಪ್ಪನೆಯ ಪುಟ್ಟ ಎಲೆಗಳನ್ನು ಜೋಡಿಯಾಗಿ ಹೊತ್ತು ಕೆಸರಿನಲ್ಲಿ ಬೆಳೆಯುವಂಥದ್ದು. ಮೊದಲನೆಯದು ಕೊತ್ತಂಬರಿಯ ಕುಟುಂಬಕ್ಕೆ ಸೇರಿದೆ. ಎರಡನೆಯದಕ್ಕೂ ಅದಕ್ಕೂ ಹತ್ತಿರದ ನಂಟೇ ಇಲ್ಲ. ಎರಡನ್ನೂ ನೆನಪಿನ ಶಕ್ತಿಗೆಂದು ಬಳಸುತ್ತಾರೆ. ಒಂದರ ಹೆಸರಿನಲ್ಲಿ ಇನ್ನೊಂದು ಕೈ ಸೇರಿದರೂ ಇಲ್ಲಿ ಪ್ರಾಣಕ್ಕೆ ಕುತ್ತಿಲ್ಲ.

ಬ್ರಸೆಲ್ಸ್‌ನಲ್ಲಿ ಹಾಗಾಗಲಿಲ್ಲ. 1990ರ ದಶಕದ ಆರಂಭದಲ್ಲಿ ಅಲ್ಲಿನ ಒಂದು ಚಿಕಿತ್ಸಾಲಯ ತೂಕ ಇಳಿಸಲು ಕೊಡುತ್ತಿದ್ದ ಮಾತ್ರೆಗಳಲ್ಲಿ ಚೀನಾದ ಗಿಡಮೂಲಿಕೆಗಳಿದ್ದವು. ಅವುಗಳಲ್ಲಿ ಒಂದು ‘ಹಾನ್ ಫಾಂಗ್ ಜಿ’, ಅಂದರೆ ಸ್ಟೆಫಾನಿಯ ಎಂಬ ಬಳ್ಳಿಯ ಬೇರು, ಆಗಿರಬೇಕಿತ್ತು. ಅದರ ಬದಲು ಬಂದದ್ದು ‘ಗ್ವಾಂಗ್ ಫಾಂಗ್ ಜಿ’, ಅರಿಸ್ಟೊಲೋಕಿಯ ಎಂಬ ಬೇರೆಯೇ ಬಳ್ಳಿಯ ಬೇರು. ಹೆಸರು ಹತ್ತಿರ, ಒಣಗಿಸಿ ಪುಡಿ ಮಾಡಿದರೆ ಕಣ್ಣಿಗೆ ವ್ಯತ್ಯಾಸವಿಲ್ಲ. ಎರಡನೆಯದರಲ್ಲಿ ಅರಿಸ್ಟೊಲೋಕಿಕ್ ಆಮ್ಲವಿದೆ. ನೂರಕ್ಕೂ ಹೆಚ್ಚು ಜನರ, ಬಹುಪಾಲು ಮಹಿಳೆಯರ, ಮೂತ್ರಪಿಂಡಗಳು ಕೆಟ್ಟವು. ಹಲವರಿಗೆ ಡಯಾಲಿಸಿಸ್ ಇಲ್ಲವೇ ಕಸಿ ಅನಿವಾರ್ಯವಾಯಿತು. ಆ ಆಮ್ಲ ಡಿಎನ್‌ಎಗೆ ಅಂಟಿಕೊಂಡು ಅದನ್ನು ಕೆಡಿಸುವುದರಿಂದ, ಕೆಲವರಲ್ಲಿ ವರ್ಷಗಳ ನಂತರ ಮೂತ್ರನಾಳದ ಕ್ಯಾನ್ಸರ್ ಕಾಣಿಸಿಕೊಂಡಿತು. ಅವರಲ್ಲಿ ಯಾರೂ ಗಿಡವನ್ನು ಕಣ್ಣಾರೆ ಕಂಡಿರಲಿಲ್ಲ, ಮಾತ್ರೆಯನ್ನಷ್ಟೇ ನುಂಗಿದ್ದರು. ಈ ಪ್ರಸಂಗವನ್ನು ಓದಿದಾಗಲೆಲ್ಲ ಎದೆ ಭಾರವಾಗುತ್ತದೆ.

ಗುರುತಿಸುವವರು ಹೆಸರಿಗಿಂತ ಮೊದಲು ಕುಟುಂಬವನ್ನು ಹುಡುಕುತ್ತಾರೆ. ಬೆರಳುಗಳ ನಡುವೆ ಹೊರಳಿಸಿದಾಗ ಕಾಂಡ ಚೌಕವಾಗಿರುವುದು ತಿಳಿದು, ಎಲೆಗಳು ಎದುರುಬದುರಾಗಿದ್ದು, ತಿಕ್ಕಿದರೆ ಘಮ ಬಂದರೆ ಅದು ತುಳಸಿ, ತುಂಬೆ, ದೊಡ್ಡಪತ್ರೆಗಳ ಬಳಗ ಎಂದು ಊಹಿಸಬಹುದು. ಎಲೆ ಮುರಿದಾಗ ಹಾಲು ಸುರಿದರೆ ಎಕ್ಕ, ಆಲ, ಕಳ್ಳಿಗಳತ್ತ ಯೋಚನೆ ಹೋಗಬೇಕು. ಮೂರೂ ಬೇರೆ ಬೇರೆ ಕುಟುಂಬಗಳು ಎಂಬುದನ್ನು ನೆನಪಿಟ್ಟುಕೊಂಡು, ಆ ಹಾಲು ಕಣ್ಣಿಗೆ ತಾಕದಂತೆ ನೋಡಿಕೊಳ್ಳಬೇಕು. ಆದರೆ ಕುಟುಂಬ ತಿಳಿದರೆ ಭಯವಿಲ್ಲ ಎಂದುಕೊಳ್ಳುವುದು ತಪ್ಪು. ಜೀರಿಗೆ, ಓಮ, ಕೊತ್ತಂಬರಿ, ಗಜ್ಜರಿಗಳ ಹೂಗೊಂಚಲು ಬಿಡಿಸಿದ ಛತ್ರಿಯ ಕಡ್ಡಿಗಳಂತಿರುತ್ತದೆ. ಕ್ರಿ.ಪೂ. 399ರಲ್ಲಿ ಸಾಕ್ರಟೀಸ್ ಕುಡಿದ ಹೆಮ್ಲಾಕ್ ವಿಷದ ಗಿಡಕ್ಕೂ ಅಂಥದ್ದೇ ಛತ್ರಿ. ಕಾಡುಗಜ್ಜರಿಯ ಕಾಂಡದ ಮೇಲೆ ರೋಮವಿದೆ. ಹೆಮ್ಲಾಕ್‌ನ ಕಾಂಡ ನುಣುಪಾಗಿದ್ದು, ಅದರ ಮೇಲೆ ನೇರಳೆ ಮಚ್ಚೆಗಳಿರುತ್ತವೆ. ಎರಡರ ಅಂತರ ಇಷ್ಟು ಸಣ್ಣ ವಿವರದಲ್ಲಿ ನಿಂತಿದೆ. ಗುರುತು ಹಿಡಿಯಲು ರುಚಿ ನೋಡುವ ಅಭ್ಯಾಸವನ್ನು ನಾನು ಯಾರಿಗೂ ಹೇಳಿಕೊಡುವುದಿಲ್ಲ.

ಮೊಬೈಲ್‌ನ ಆ್ಯಪ್‌ಗಳು ಈಗ ಚಿತ್ರ ನೋಡಿ ಹೆಸರು ಹೇಳುತ್ತವೆ. ಹುಡುಕಾಟದ ಮೊದಲ ಹೆಜ್ಜೆಗೆ ಅವು ಒಳ್ಳೆಯವೇ. ಆದರೆ ಚಿತ್ರಕ್ಕೆ ವಾಸನೆಯಿಲ್ಲ, ಹಾಲು ಸುರಿಯುವುದಿಲ್ಲ. ಕಡ್ಡಿಯನ್ನು ಮಗುಚಿ ತೋರಿಸದಿದ್ದರೆ ಕಿರುನೆಲ್ಲಿಯ ಕಾಯಿ ಆ್ಯಪ್‌ಗೂ ಕಾಣುವುದಿಲ್ಲ.

ಗಿಡ ಸರಿಯಾಗಿ ಸಿಕ್ಕಿತು ಎನ್ನೋಣ. ಅಲ್ಲಿಗೆ ಅರ್ಧ ಜ್ಞಾನ ಮಾತ್ರ ಕೈಗೆ ಬಂದಿರುತ್ತದೆ. ಸಾಂಪ್ರದಾಯಿಕ ಬಳಕೆಯ ಜೀವಾಳವಿರುವುದು ಗಿಡದ ಯಾವ ಭಾಗ, ಯಾವಾಗ, ಹೇಗೆ ಹದಮಾಡಿದ್ದು ಎಂಬುದರಲ್ಲಿ. ಕಹಿ ಜಾತಿಯ ಮರಗೆಣಸಿನಲ್ಲಿ ಸಯನೈಡ್ ಹುಟ್ಟಿಸುವ ವಸ್ತುವಿದೆ. ದಕ್ಷಿಣ ಅಮೆರಿಕದ ಮೂಲನಿವಾಸಿಗಳು ಅದನ್ನು ತುರಿದು, ಹಿಂಡಿ, ಬೇಯಿಸುತ್ತಾರೆ. ತುರಿದಾಗ ಜೀವಕೋಶಗಳು ಒಡೆದು ಅಲ್ಲಿಯದೇ ಕಿಣ್ವ ವಿಷವನ್ನು ಬಿಡುಗಡೆ ಮಾಡುತ್ತದೆ, ಹಿಂಡಿದಾಗ ಅದು ರಸದೊಂದಿಗೆ ಹೋಗುತ್ತದೆ, ಉಳಿದದ್ದು ಕಾವಿಗೆ ಆವಿಯಾಗುತ್ತದೆ. ರಸಾಯನವಿಜ್ಞಾನದ ಪುಸ್ತಕವಿಲ್ಲದೆ, ತಲೆಮಾರುಗಳ ಗಮನದಿಂದ ಕಟ್ಟಿದ ವಿಧಾನ ಇದು. ಇದರಲ್ಲಿ ಒಂದು ಹಂತ ಮರೆತರೂ ಆಹಾರವೇ ವಿಷ. ಗುಲಗಂಜಿಯ ಗಟ್ಟಿ ಸಿಪ್ಪೆಯ ಬೀಜ ಇಡಿಯಾಗಿ ನುಂಗಿದರೆ ಹಾಗೆಯೇ ಹೊರಹೋಗಬಹುದು. ಅಗಿದರೆ, ಅರೆದರೆ ಒಳಗಿನ ಅಬ್ರಿನ್ ಎಂಬ ವಿಷ ಕೊಲ್ಲಬಲ್ಲದು. ಯಾವುದೋ ಸೊಪ್ಪಿನ ಹೆಸರು, ಪಕ್ಕದಲ್ಲಿ ಯಾವುದೋ ಕಾಯಿಲೆಯ ಹೆಸರು, ಅಷ್ಟನ್ನೇ ಬರೆದು ಹಂಚುವ ಪಟ್ಟಿಗಳನ್ನು ಕಂಡರೆ ನನಗೆ ದಿಗಿಲಾಗುವುದು ಇದಕ್ಕೇ.

ಬಳಕೆ ಮಿತಿ ಮೀರಿದರೆ ಗಿಡಕ್ಕೂ ಕೇಡು. ಭಾರತದಲ್ಲಿ ಬಹುಕಾಲದಿಂದ ಬಳಕೆಯಲ್ಲಿದ್ದ ಸರ್ಪಗಂಧದ ಬೇರಿನಿಂದ 1952ರಲ್ಲಿ ರೆಸರ್ಪಿನ್ ಎಂಬ ವಸ್ತುವನ್ನು ಬೇರ್ಪಡಿಸಿದರು. ಅಧಿಕ ರಕ್ತದೊತ್ತಡಕ್ಕೆ ಅದು ಔಷಧವಾಯಿತು. ಬೇಡಿಕೆ ಏರಿತು. ಬೇರು ಕೀಳುವುದೆಂದರೆ ಗಿಡವನ್ನೇ ಕೊಂದಂತೆ. ಕಾಡಿನಲ್ಲಿ ಅದು ವಿರಳವಾಗುತ್ತ ಹೋಗಿ, 1990ರಲ್ಲಿ ಅಂತರರಾಷ್ಟ್ರೀಯ ವ್ಯಾಪಾರದ ನಿಯಂತ್ರಣ ಪಟ್ಟಿಗೆ ಸೇರಬೇಕಾಯಿತು. ಸರ್ಪಗಂಧದ ಹೆಸರಿನಲ್ಲಿ ಮಾರಾಟವಾಗುವ ಬೇರುಗಳಲ್ಲಿ ಅಮೆರಿಕ ಮೂಲದ ಅದರ ದಾಯಾದಿ ರಾವುಲ್ಫಿಯ ಟೆಟ್ರಾಫಿಲ್ಲವೂ ಸೇರಿಕೊಳ್ಳುತ್ತದೆ. ಗಿಡವಾಗಿ ನಿಂತಾಗ ಇವೆರಡನ್ನು ಬೇರೆ ಮಾಡುವುದು ಕಷ್ಟವಲ್ಲ. ಸರ್ಪಗಂಧದ ಎಲೆಗಳು ಸಾಮಾನ್ಯವಾಗಿ ಗಿಣ್ಣಿಗೆ ಮೂರು, ಬಿಳಿ ಹೂಗಳಿಗೆ ಕೆಂಪು ತೊಟ್ಟು; ದಾಯಾದಿಯಲ್ಲಿ ಗಿಣ್ಣಿಗೆ ನಾಲ್ಕು, ಅವೂ ಗಾತ್ರದಲ್ಲಿ ಅಸಮ. ಬೇರು ಮಾತ್ರ ಕೈಗೆ ಬಂದಾಗ ಸೂಕ್ಷ್ಮದರ್ಶಕವೋ ಡಿಎನ್‌ಎ ಪರೀಕ್ಷೆಯೋ ಬೇಕು. 2009ರಲ್ಲಿ ಸಸ್ಯಗಳ ಡಿಎನ್‌ಎ ಗುರುತಿಗೆಂದು ವಿಜ್ಞಾನಿಗಳು ಎರಡು ಜೀನ್‌ಗಳ ತುಣುಕುಗಳನ್ನು ಆರಿಸಿಕೊಂಡಿದ್ದು ಇಂಥ ಕೆಲಸಕ್ಕೂ ನೆರವಾಗುತ್ತಿದೆ.

ಆ ಪರೀಕ್ಷೆಯೂ ಕೊನೆಗೆ ಹೋಲಿಸಿ ನೋಡುವುದು ಒಬ್ಬ ತಜ್ಞರು ಗುರುತಿಸಿಟ್ಟ ಒಣ ಗಿಡದೊಂದಿಗೆ. ಹರ್ಬೇರಿಯಂಗಳು ಅಂಥ ಹಾಳೆಗಳ ಭಂಡಾರಗಳು. ಲಂಡನ್ನಿನ ಕ್ಯೂ ಉದ್ಯಾನದಲ್ಲಿ ಸುಮಾರು 70 ಲಕ್ಷ ಮಾದರಿಗಳಿವೆ. ಒಳ್ಳೆಯ ಹಾಳೆಯೆಂದರೆ ಬೇರು, ಎಲೆ, ಹೂ, ಕಾಯಿ ಎಲ್ಲ ಇರುವಂತೆ ಒತ್ತಿ ಒಣಗಿಸಿದ ಗಿಡ. ಮೂಲೆಯಲ್ಲಿ ದಿನಾಂಕ, ಸ್ಥಳ, ಮಣ್ಣು, ಒಣಗಿದ ಮೇಲೆ ಅಳಿಸಿಹೋಗುವ ಹೂವಿನ ಬಣ್ಣ ಮತ್ತು ವಾಸನೆ. ಇವುಗಳ ಜೊತೆಗೆ ಆ ಜಾಗದ ಜನ ಅದನ್ನು ಏನೆಂದು ಕರೆಯುತ್ತಾರೆ, ಯಾವ ಭಾಗವನ್ನು ಹೇಗೆ ಬಳಸುತ್ತಾರೆ ಎಂಬುದನ್ನು ಅವರ ಒಪ್ಪಿಗೆ ಪಡೆದು, ಅವರದೇ ಮಾತಿನಲ್ಲಿ ಬರೆದಿಟ್ಟರೆ ಬಳಕೆಯ ಜ್ಞಾನ ಗಿಡದಿಂದ ಬೇರೆಯಾಗಿ ಅಲೆಯುವುದಿಲ್ಲ. ಗಿಡದ ವೈಜ್ಞಾನಿಕ ಹೆಸರು ಗೊತ್ತಾಗದಿದ್ದರೆ ಆ ಜಾಗವನ್ನು ಖಾಲಿ ಬಿಡಬಹುದು. ದಶಕಗಳ ಕಾಲ ಹೆಸರಿಲ್ಲದೆ ಕಪಾಟಿನಲ್ಲಿದ್ದ ಹಾಳೆಗಳಿಂದಲೇ ಹೊಸ ಪ್ರಭೇದಗಳನ್ನು ಗುರುತಿಸಿದ ಉದಾಹರಣೆಗಳು ಸಾಕಷ್ಟಿವೆ.