ಇದು ಫೋಟಾನೋ, ಪೈ-ಜೀರೋನೋ? ನನ್ನನ್ನು ಎರಡು ದಿನ ಹಿಡಿದಿಟ್ಟ ಕೋನದ ಟಿಪ್ಪಣಿ

ನಮ್ಮ ಮನೆ ಇರುವುದು ತೀರ್ಥಹಳ್ಳಿ ಹತ್ತಿರ. ಪುನರ್ವಸು ಮಳೆ ಹಿಡಿದು ಐದು ದಿನ ಆಯ್ತು. ಮುಂದಿನ ವಾರ ಶಂಕರಘಟ್ಟಕ್ಕೆ ಹೋಗಿ ಎಂಎಸ್ಸಿ ಸೆಮಿನಾರ್ ಕೊಡಬೇಕು. ವಿಷಯ, ಹಿಗ್ಸ್ ಕಣ ಎರಡು ಫೋಟಾನ್ ಆಗಿ ಒಡೆಯುವುದು. ಓದಲು ಕೂತರೆ ಹಿಗ್ಸ್‌ಗಿಂತ ಫೋಟಾನ್ ಗುರುತಿಸುವ ಕೆಲಸವೇ ದೊಡ್ಡದಾಗಿ ಕಂಡಿತು. ಪೈ-ಜೀರೋ ಎಂಬ ಇನ್ನೊಂದು ಕಣ ಒಂಟಿ ಫೋಟಾನ್‌ನ ವೇಷ ಹಾಕಿ ಬರುತ್ತದೆ. ಅದನ್ನು ಬೇರ್ಪಡಿಸುವ ಒಂದು ಮೆಟ್ಟಿಲಲ್ಲಿ ಎರಡು ದಿನ ಸಿಕ್ಕಿಹಾಕಿಕೊಂಡಿದ್ದೆ. ನಿನ್ನೆ ರಾತ್ರಿ ಗಂಟು ಬಿಟ್ಟಿತು. ಮರೆಯುವ ಮೊದಲು ಬರೆದಿಡುತ್ತಿದ್ದೇನೆ. ವಿಶೇಷ ಸಾಪೇಕ್ಷತೆ ಒಂದಿಷ್ಟು ಗೊತ್ತಿದ್ದರೆ ಸಾಕು.

ಫೋಟಾನ್ ಏನು ಬಿಟ್ಟು ಹೋಗುತ್ತದೆ

ಫೋಟಾನ್‌ಗೆ ಚಾರ್ಜ್ ಇಲ್ಲ. ಹಾಗಾಗಿ ಡಿಟೆಕ್ಟರ್‌ನ ಒಳಗಿನ ಟ್ರ್ಯಾಕರ್‌ನಲ್ಲಿ (ಚಾರ್ಜ್ ಇರುವ ಕಣಗಳ ದಾರಿ ಗುರುತಿಸುವ ಭಾಗ) ಗೆರೆ ಮೂಡುವುದಿಲ್ಲ, ಅಯಸ್ಕಾಂತ ಅದನ್ನು ಬಗ್ಗಿಸುವುದೂ ಇಲ್ಲ. ಅದು ನೇರ ಹೋಗಿ ಶಕ್ತಿ ಅಳೆಯುವ ಕ್ಯಾಲೊರಿಮೀಟರ್‌ಗೆ ಬಡಿಯುತ್ತದೆ. ಅಲ್ಲಿ ಭಾರದ ನ್ಯೂಕ್ಲಿಯಸ್ ಪಕ್ಕದಲ್ಲಿ ಎಲೆಕ್ಟ್ರಾನ್-ಪಾಸಿಟ್ರಾನ್ ಜೋಡಿಯಾಗುತ್ತದೆ. ಆ ಜೋಡಿ ಮತ್ತೆ ಫೋಟಾನ್ ಉಗುಳುತ್ತದೆ, ಅವು ಮತ್ತೆ ಜೋಡಿಯಾಗುತ್ತವೆ. ಇದಕ್ಕೆ ಶವರ್ ಎನ್ನುತ್ತಾರೆ. ಕಣಗಳು ಹೆಚ್ಚುತ್ತಾ ಹೋದಂತೆ ಒಂದೊಂದರ ಶಕ್ತಿ ಕಡಿಮೆಯಾಗಿ ಕೊನೆಗೆ ಎಲ್ಲಾ ಅಲ್ಲೇ ಇಂಗಿಹೋಗುತ್ತದೆ.

ಸರ್ನ್ ಪ್ರಯೋಗಾಲಯದಲ್ಲಿ ಪ್ರೋಟಾನ್‌ಗಳನ್ನು ಡಿಕ್ಕಿ ಹೊಡೆಸುವ ಯಂತ್ರ ಎಲ್‌ಎಚ್‌ಸಿ. ಅಲ್ಲಿರುವ ಸಿಎಂಎಸ್ ಡಿಟೆಕ್ಟರ್ ಇದಕ್ಕೆ ಲೆಡ್ ಟಂಗ್‌ಸ್ಟೇಟ್ ಹರಳುಗಳನ್ನು ಬಳಸುತ್ತದೆ. ಒಟ್ಟು 75,848 ಹರಳು. ನೋಡಲು ಗಾಜಿನ ಹಾಗೆ ಪಾರದರ್ಶಕ, ಆದರೆ ಉಕ್ಕಿಗಿಂತ ಸಾಂದ್ರ. ಇದರ ರೇಡಿಯೇಶನ್ ಲೆಂಗ್ತ್ (ಶವರ್ ಎಷ್ಟು ದೂರದಲ್ಲಿ ಬೆಳೆಯುತ್ತದೆ ಎಂಬುದರ ಅಳತೆಗೋಲು) 0.89 ಸೆಂಟಿಮೀಟರ್ ಮಾತ್ರ. ನಡುಭಾಗದ ಹರಳಿನ ಉದ್ದ 23 ಸೆಂಟಿಮೀಟರ್, ಅಂದರೆ ಸುಮಾರು 26 ರೇಡಿಯೇಶನ್ ಲೆಂಗ್ತ್. ಫೋಟಾನ್ ಎಷ್ಟೇ ಜೋರಿದ್ದರೂ ಶವರ್ ಬಹುಪಾಲು ಒಳಗೇ ಮುಗಿಯುತ್ತದೆ. ಶಕ್ತಿಗೆ ತಕ್ಕಷ್ಟು ಬೆಳಕು ಹೊಮ್ಮುತ್ತದೆ. ಹಿಂದೆ ಅಂಟಿಸಿದ ಫೋಟೋಡಯೋಡ್ ಅದನ್ನು ಅಳೆಯುತ್ತದೆ.

ಹಾಗಾದರೆ ಗುರುತು ಹೀಗೆ: ಹರಳಿನಲ್ಲಿ ಶಕ್ತಿ ಇದೆ, ಅದರತ್ತ ಬರುವ ಗೆರೆ ಇಲ್ಲ, ಹಿಂದಿನ ಹ್ಯಾಡ್ರಾನ್ (ಪ್ರೋಟಾನ್‌ನಂಥ, ಕ್ವಾರ್ಕ್‌ಗಳಿಂದಾದ ಕಣ) ಕ್ಯಾಲೊರಿಮೀಟರ್‌ನಲ್ಲಿ ಹೆಚ್ಚೇನೂ ಇಲ್ಲ. ಗೆರೆ ಇದ್ದರೆ ಎಲೆಕ್ಟ್ರಾನ್. ಹಿಂದೆ ಜಾಸ್ತಿ ಶಕ್ತಿ ಇದ್ದರೆ ಹ್ಯಾಡ್ರಾನ್. ಇಲ್ಲಿಯವರೆಗೆ ನನಗೆ ಏನೂ ತೊಡಕಾಗಲಿಲ್ಲ.

ಸೋರುವ ಮಾಡು

ನಮ್ಮ ಜಗಲಿಯ ಹೆಂಚು ಹಳೆಯದು. ಮಳೆಗಾಲದಲ್ಲಿ ಅಮ್ಮ ಸೋರುವ ಕಡೆ ಪಾತ್ರೆ ಇಡುತ್ತಾರೆ. ಈಗ ನೆಲದ ತುಂಬಾ ಒಂದೇ ಅಳತೆಯ ಪಾತ್ರೆಗಳನ್ನು ಒತ್ತೊತ್ತಾಗಿ ಜೋಡಿಸಿದ್ದಾರೆ ಅಂದುಕೊಳ್ಳಿ. ಹನಿ ಒಂದು ಪಾತ್ರೆಗೆ ಬೀಳುತ್ತದೆ, ಸ್ವಲ್ಪ ಅಕ್ಕಪಕ್ಕಕ್ಕೆ ಸಿಡಿಯುತ್ತದೆ. ಬೆಳಿಗ್ಗೆ ಎದ್ದು ನೋಡಿದರೆ ಕಾಣುವುದು ಯಾವ ಪಾತ್ರೆಯಲ್ಲಿ ಎಷ್ಟು ನೀರು ಎಂಬುದಷ್ಟೇ. ಹೆಂಚಿನಲ್ಲಿ ಇದ್ದದ್ದು ಒಂದು ತೂತೋ ಎರಡೋ? ತೂತುಗಳ ನಡುವೆ ಒಂದು ಮೊಳ ಇದ್ದರೆ ಎರಡು ಕಡೆ ನೀರು ನಿಂತಿರುತ್ತದೆ. ಹೆಬ್ಬೆರಳಿನಷ್ಟೇ ಅಂತರವಿದ್ದರೆ ಎರಡೂ ಹನಿ ಒಂದೇ ಪಾತ್ರೆಗೆ. ಆಗ ನೀರಿನ ಲೆಕ್ಕ ನಿಮಗೆ ಏನನ್ನೂ ಹೇಳುವುದಿಲ್ಲ, ಅಲ್ವಾ?

ಪಾತ್ರೆಯ ಜಾಗದಲ್ಲಿ ಹರಳು ಇಡಿ. ಎರಡು ತೂತಿನ ಜಾಗದಲ್ಲಿ ಪೈ-ಜೀರೋ ಇಡಿ.

ಪೈ-ಜೀರೋ ಅಂದರೆ ಚಾರ್ಜ್ ಇಲ್ಲದ ಪಯಾನ್. ತೂಕ 135 ಎಂಇವಿ (ಇಲ್ಲಿ ತೂಕವನ್ನೂ ಶಕ್ತಿಯ ಅಳತೆಯಲ್ಲೇ ಹೇಳುತ್ತಾರೆ, ಸಾವಿರ ಎಂಇವಿ ಅಂದರೆ ಒಂದು ಜಿಇವಿ). ನೂರಕ್ಕೆ ಸುಮಾರು 99 ಸಲ ಎರಡು ಫೋಟಾನ್ ಆಗಿ ಒಡೆಯುತ್ತದೆ. ಅದರ ಆಯಸ್ಸು ಎಷ್ಟು ಕಡಿಮೆ ಎಂದರೆ, 60 ಜಿಇವಿ ಶಕ್ತಿಯ ಪೈ-ಜೀರೋ ಕೂಡ ಸರಾಸರಿ 11 ಮೈಕ್ರೋಮೀಟರ್ ಹೋಗುವಷ್ಟರಲ್ಲಿ ಮುಗಿದಿರುತ್ತದೆ. ತಲೆಗೂದಲಿನ ದಪ್ಪದಷ್ಟೂ ಅಲ್ಲ. ಹಾಗಾಗಿ "ಸ್ವಲ್ಪ ದೂರ ಹೋಗಿ ಒಡೆಯಿತು" ಎಂದು ಪತ್ತೆ ಮಾಡುವ ದಾರಿ ಇಲ್ಲ. ಪ್ರೋಟಾನ್ ಡಿಕ್ಕಿಯಲ್ಲಿ ಬರುವ ಜೆಟ್‌ಗಳಲ್ಲಿ, ಅಂದರೆ ಒಂದೇ ಕಡೆಗೆ ಹಾರುವ ಕಣಗಳ ಗುಂಪುಗಳಲ್ಲಿ, ಪೈ-ಜೀರೋಗಳು ರಾಶಿ ರಾಶಿ ಇರುತ್ತವೆ. ಒಂದೇ ಪೈ-ಜೀರೋ ಜೆಟ್‌ನ ಹೆಚ್ಚಿನ ಶಕ್ತಿಯನ್ನೆಲ್ಲ ಹೊತ್ತು ಬರುವುದು ಅಪರೂಪ. ಆದರೆ ಜೆಟ್‌ಗಳ ಸಂಖ್ಯೆಯೇ ಅಷ್ಟು ದೊಡ್ಡದಾದ್ದರಿಂದ ಆ ಅಪರೂಪವೂ ಸಾಕಷ್ಟು ಸಲ ಆಗುತ್ತದೆ.

ನಾನು ಎಡವಿದ ಜಾಗ

ಪುಸ್ತಕದಲ್ಲಿ ಒಂದೇ ಸಾಲು ಇತ್ತು: ಎರಡು ಫೋಟಾನ್‌ಗಳ ನಡುವಿನ ಕನಿಷ್ಠ ಕೋನ ಸುಮಾರು ಎರಡು ಪಟ್ಟು ತೂಕ ಭಾಗಿಸು ಶಕ್ತಿ. ಇದು ನನ್ನ ತಲೆಗೆ ಹೋಗಲಿಲ್ಲ. ಶಕ್ತಿ ಜಾಸ್ತಿಯಾದರೆ ಚೂರುಗಳು ಇನ್ನೂ ದೂರ ಚೆದುರಬೇಕಲ್ಲ? ಪಟಾಕಿ ಜೋರಾದಷ್ಟೂ ಕಾಗದ ದೂರ ಹಾರುವುದಿಲ್ಲವೇ?

ತಪ್ಪು ಇಲ್ಲೇ ಇತ್ತು. ಒಡೆಯುವ ಜೋರು ಮತ್ತು ಓಡುವ ಜೋರು ಬೇರೆ ಬೇರೆ. ಒಡೆಯುವ ಜೋರು ತೂಕದಿಂದ ಬರುತ್ತದೆ, ಅದು ಯಾವಾಗಲೂ 135 ಎಂಇವಿ. ಓಡುವ ಜೋರು ಮಾತ್ರ ಹೆಚ್ಚುತ್ತದೆ.

ಘಾಟಿಯಲ್ಲಿ ಇಳಿಯುತ್ತಿರುವ ಜೀಪನ್ನು ನೆನೆಯಿರಿ. ಒಳಗಿನವರು ಎಡಕ್ಕೊಂದು ಬಲಕ್ಕೊಂದು ಅಡಿಕೆ ಎಸೆಯುತ್ತಾರೆ, ಎರಡೂ ಕೈಯ ಜೋರು ಒಂದೇ. ಜೀಪು ನಿಂತಿದ್ದರೆ ಅಡಿಕೆಗಳು ಎದುರುಬದುರು ಹಾರುತ್ತವೆ. ಜೀಪು ಓಡುತ್ತಿದ್ದರೆ ರಸ್ತೆಯಲ್ಲಿ ನಿಂತವರಿಗೆ ಎರಡೂ ಮುಂದಕ್ಕೇ ಹೋದ ಹಾಗೆ ಕಾಣುತ್ತದೆ. ಪಕ್ಕದ ತಳ್ಳು ಅಷ್ಟೇ ಇದೆ, ಮುಂದಿನ ತಳ್ಳು ಹೆಚ್ಚಿದೆ. ಹಾಗಾಗಿ ಕೋನ ಕಿರಿದಾಗುತ್ತದೆ.

ಈಗ ಅಂಕಿ ಹಾಕಿ. ಪೈ-ಜೀರೋದ ಜೊತೆಯಲ್ಲೇ ಕೂತು ನೋಡಿದರೆ ಪ್ರತಿ ಫೋಟಾನ್‌ಗೆ ಅರ್ಧ ತೂಕದಷ್ಟು ಶಕ್ತಿ, 67.5 ಎಂಇವಿ. ಅವು ಸರಿಯಾಗಿ ಪಕ್ಕಕ್ಕೆ ಹೊರಟರೆ ಪಕ್ಕದ ಮೊಮೆಂಟಮ್ ಅಷ್ಟೇ. ನಮ್ಮ ಕಡೆಯಿಂದ ನೋಡಿದರೂ ಪಕ್ಕದ ಮೊಮೆಂಟಮ್ ಬದಲಾಗುವುದಿಲ್ಲ. ಮುಂದಿನದು ಮಾತ್ರ ಒಟ್ಟು ಶಕ್ತಿಯ ಅರ್ಧ. 60 ಜಿಇವಿ ಪೈ-ಜೀರೋ ಆದರೆ 30 ಜಿಇವಿ. ಒಂದು ಬದಿಯ ಕೋನ 0.0675 ಭಾಗಿಸು 30, ಅಂದರೆ 0.00225 ರೇಡಿಯನ್. ಎರಡು ಬದಿ ಸೇರಿ 0.0045. ಪುಸ್ತಕದ ಸೂತ್ರ ಬಂದೇ ಬಿಟ್ಟಿತು.

ಆದರೆ ಇನ್ನೊಂದು ಅನುಮಾನ ಉಳಿಯಿತು. ಇದು ಕನಿಷ್ಠ ಕೋನ. ಫೋಟಾನ್‌ಗಳು ಪಕ್ಕಕ್ಕೇ ಹೊರಡಬೇಕೆಂದಿಲ್ಲ. ಒಂದು ಮುಂದಕ್ಕೆ, ಒಂದು ಹಿಂದಕ್ಕೂ ಹೋಗಬಹುದು. ಆಗ ಕೋನ ದೊಡ್ಡದಾಗುತ್ತದೆ. ಹೆಚ್ಚಿನವು ದೊಡ್ಡ ಕೋನದಲ್ಲೇ ಬಂದರೆ ಈ ಕನಿಷ್ಠಕ್ಕೆ ಅಷ್ಟು ಮಹತ್ವ ಯಾಕೆ?

ಇದಕ್ಕೆ ಉತ್ತರ ಪುಸ್ತಕದಲ್ಲಿ ಇರಲಿಲ್ಲ, ಕೂತು ಲೆಕ್ಕ ಮಾಡಿದೆ. ಎರಡು ಫೋಟಾನ್‌ಗಳ ಸೂತ್ರ: ತೂಕದ ವರ್ಗ = 2 × ಮೊದಲ ಶಕ್ತಿ × ಎರಡನೇ ಶಕ್ತಿ × (1 − ಕಾಸ್ ಥೀಟಾ). ಕೋನ ಚಿಕ್ಕದಿದ್ದಾಗ ಇದು ಸರಳವಾಗುತ್ತದೆ. ಥೀಟಾ = ತೂಕ ಭಾಗಿಸು ಎರಡು ಶಕ್ತಿಗಳ ಗುಣಲಬ್ಧದ ವರ್ಗಮೂಲ. ಒಟ್ಟು ಶಕ್ತಿ ಒಂದೇ ಇರುವಾಗ, ಎರಡೂ ಸಮ ಇದ್ದರೆ ಗುಣಲಬ್ಧ ಅತಿ ದೊಡ್ಡದು, ಕೋನ ಅತಿ ಚಿಕ್ಕದು. ಪೈ-ಜೀರೋಗೆ ಸ್ಪಿನ್ ಇಲ್ಲ, ಹಾಗಾಗಿ ತನ್ನ ಚೌಕಟ್ಟಿನಲ್ಲಿ ಎಲ್ಲಾ ದಿಕ್ಕಿಗೂ ಸಮನಾಗಿ ಒಡೆಯುತ್ತದೆ. ಅದರ ಪರಿಣಾಮವಾಗಿ ಒಂದು ಫೋಟಾನ್‌ಗೆ ಸಿಗುವ ಪಾಲು 0 ಮತ್ತು 1ರ ನಡುವೆ ಎಲ್ಲಿ ಬೇಕಾದರೂ, ಸಮ ಸಾಧ್ಯತೆಯಲ್ಲಿ, ಬೀಳುತ್ತದೆ. ಪಾಲು 0.25ರಿಂದ 0.75ರ ಒಳಗೆ ಬರುವುದು ಸರಿಯಾಗಿ ಅರ್ಧದಷ್ಟು ಸಲ. ಅಂಚಿನಲ್ಲಿ, 0.25 ಮತ್ತು 0.75 ಇರುವಾಗ, ಗುಣಲಬ್ಧದ ವರ್ಗಮೂಲ 0.433. ಸಮ ಹಂಚಿಕೆಯಲ್ಲಿ ಅದು 0.5. ಭಾಗಿಸಿದರೆ 1.155.

ಅಂದರೆ ಅರ್ಧದಷ್ಟು ಪೈ-ಜೀರೋಗಳ ಕೋನ ಕನಿಷ್ಠಕ್ಕಿಂತ ಶೇಕಡಾ 16ರಷ್ಟೂ ಜಾಸ್ತಿ ಇಲ್ಲ! ಕನಿಷ್ಠ ಕೋನ ಎಲ್ಲೋ ಮೂಲೆಯ ಸಂಗತಿ ಅಲ್ಲ, ಎಲ್ಲರೂ ಬಂದು ಗುಂಪಾಗುವ ಜಾಗವೇ ಅದು. ಇದು ಹೊಳೆದಾಗ ನಿಜಕ್ಕೂ ಖುಷಿಯಾಯ್ತು. ಇನ್ನು ಕೋನ ದೊಡ್ಡದಿರುವವು? ಪಾಲು 0.95 ಮತ್ತು 0.05 ಆದರೆ ಕೋನ ಕನಿಷ್ಠದ 2.3 ಪಟ್ಟು. ಆದರೆ ದೂರ ಹೋಗುವ ಫೋಟಾನ್‌ನಲ್ಲಿ ಶಕ್ತಿ ನೂರಕ್ಕೆ ಐದೇ ಪಾಲು. ದೊಡ್ಡದರ ಪಕ್ಕದಲ್ಲಿ ಅದು ಸುಲಭವಾಗಿ ಕಾಣುವುದಿಲ್ಲ. ಎರಡೂ ಕಡೆಯಿಂದ ಪೈ-ಜೀರೋ ತಪ್ಪಿಸಿಕೊಳ್ಳುತ್ತದೆ.

ನನ್ನ ಶಾರ್ಟ್‌ಕಟ್

ಸಿಎಂಎಸ್‌ನ ನಡುಭಾಗದಲ್ಲಿ ಹರಳುಗಳು ಕೇಂದ್ರದಿಂದ 1.29 ಮೀಟರ್ ದೂರದಲ್ಲಿ ಶುರುವಾಗುತ್ತವೆ. ಕೋನವನ್ನು ದೂರದಿಂದ ಗುಣಿಸಿದರೆ: ಅಂತರ ಮಿಲಿಮೀಟರ್‌ನಲ್ಲಿ = 350 ಭಾಗಿಸು ಜಿಇವಿ ಶಕ್ತಿ. 350 ಎಂಬ ಒಂದೇ ಅಂಕಿ ನೆನಪಿಡಿ. 10 ಜಿಇವಿಗೆ 35 ಮಿಲಿಮೀಟರ್. 35 ಜಿಇವಿಗೆ 10. 60 ಜಿಇವಿಗೆ 6ಕ್ಕೂ ಕಡಿಮೆ. ಹರಳಿನ ಮುಖದ ಅಗಲ 22 ಮಿಲಿಮೀಟರ್. 350ನ್ನು 22ರಿಂದ ಭಾಗಿಸಿದರೆ 16. ಹೆಚ್ಚುಕಡಿಮೆ 16 ಜಿಇವಿ ದಾಟಿದ ಮೇಲೆ ಎರಡು ಹನಿಯೂ ಒಂದು ಪಾತ್ರೆಯಷ್ಟು ಜಾಗದೊಳಗೆ. ಹಿಗ್ಸ್‌ನ ತೂಕ 125 ಜಿಇವಿ, ಅದರಿಂದ ಬರುವ ಫೋಟಾನ್‌ಗಳು 60ರ ಆಸುಪಾಸು. ನಮಗೆ ಬೇಕಾದ ಕಡೆಯೇ ಕಣ್ಣು ಮಂಜಾಗುತ್ತದೆ.

ಎಲ್‌ಎಚ್‌ಸಿಯ ಇನ್ನೊಂದು ಡಿಟೆಕ್ಟರ್ ಅಟ್ಲಾಸ್ ಇದನ್ನು ಬೇರೆ ರೀತಿ ಎದುರಿಸಿತು. ಅಲ್ಲಿ ಸೀಸ ಮತ್ತು ದ್ರವ ಆರ್ಗಾನ್ ಪದರಗಳಿವೆ. ಮೊದಲ ಪದರವನ್ನು 5 ಮಿಲಿಮೀಟರ್‌ಗೂ ಕಿರಿದಾದ ಪಟ್ಟಿಗಳಾಗಿ ಸೀಳಿದ್ದಾರೆ. ದೂರ ಸುಮಾರು 1.5 ಮೀಟರ್, ಅಂದರೆ ಅಲ್ಲಿನ ಶಾರ್ಟ್‌ಕಟ್ ಅಂಕಿ 405. 60 ಜಿಇವಿಗೆ ಅಂತರ 6.75 ಮಿಲಿಮೀಟರ್. ಪಟ್ಟಿಗಿಂತ ಸ್ವಲ್ಪ ಜಾಸ್ತಿ. ಅಷ್ಟರಲ್ಲೇ ಎರಡು ಗುಡ್ಡೆ ಬೇರೆಯಾಗಿ ಕಾಣುವ ಅವಕಾಶ ಸಿಗುತ್ತದೆ.

ಸಿಎಂಎಸ್‌ನ ಎರಡು ತುದಿಗಳಲ್ಲಿ ಹರಳುಗಳ ಮುಂದೆ ಪ್ರೀಶವರ್ ಎಂಬ ತೆಳು ಡಿಟೆಕ್ಟರ್ ಇದೆ. ಸೀಸದ ಹಾಳೆಯ ಹಿಂದೆ ಸಣ್ಣ ಸಿಲಿಕಾನ್ ಪಟ್ಟಿಗಳು. ಆ ಸಿಲಿಕಾನ್ ಸೆನ್ಸರ್‌ಗಳಲ್ಲಿ ಒಂದು ಪಾಲು ನಮ್ಮ ಬೆಂಗಳೂರಿನ ಬಿಇಎಲ್‌ನಲ್ಲಿ ತಯಾರಾದವು. ಸೆಮಿನಾರ್‌ನಲ್ಲಿ ಇದನ್ನು ಖಂಡಿತ ಹೇಳುತ್ತೇನೆ.

ನಡುಭಾಗದಲ್ಲಿ ಸಿಎಂಎಸ್ ಏನು ಮಾಡುತ್ತದೆ

ಎರಡು ಹನಿ ಒಂದೇ ಪಾತ್ರೆಗೆ ಬಿದ್ದರೂ ಸಿಡಿತ ಸ್ವಲ್ಪ ಅಗಲವಾಗಿರುತ್ತದೆ. ಒಂಟಿ ಫೋಟಾನ್ ಹರಳಿನ ನಡುವೆ ಬಡಿದರೆ ಶಕ್ತಿಯ ಶೇಕಡಾ 94ರಷ್ಟು ಮೂರು ಹರಳು ಅಗಲ, ಮೂರು ಹರಳು ಎತ್ತರದ ಚೌಕದೊಳಗೆ ಸಿಗುತ್ತದೆ. ಪೈ-ಜೀರೋ ಗುರುತು ಸ್ವಲ್ಪ ಹರಡಿಕೊಂಡಿರುತ್ತದೆ. ಆ ಅಗಲವನ್ನು ಈಟಾ ದಿಕ್ಕಿನಲ್ಲಿ, ಅಂದರೆ ಕಿರಣದ ಉದ್ದಕ್ಕೆ, ಅಳೆಯುತ್ತಾರೆ. ಸುತ್ತಿನ ದಿಕ್ಕಿನಲ್ಲಿ ಯಾಕಲ್ಲ? ಕೆಲವು ಫೋಟಾನ್‌ಗಳು ಟ್ರ್ಯಾಕರ್‌ನಲ್ಲೇ ಎಲೆಕ್ಟ್ರಾನ್ ಜೋಡಿಯಾಗಿಬಿಡುತ್ತವೆ. 3.8 ಟೆಸ್ಲಾ ಅಯಸ್ಕಾಂತ ಆ ಜೋಡಿಯನ್ನು ಸುತ್ತಿನ ದಿಕ್ಕಿಗೆ ಬಿಡಿಸುತ್ತದೆ. ಆ ಕಡೆ ಅಗಲವಾಗಿದ್ದರೆ ಅದು ನಿಜವಾದ ಫೋಟಾನೇ ಇರಬಹುದು. ಈಟಾ ದಿಕ್ಕಿನಲ್ಲಿ ಅಯಸ್ಕಾಂತದ ಕೈವಾಡ ಅಷ್ಟಿಲ್ಲ.

ಇನ್ನೊಂದು ಪರೀಕ್ಷೆ ಐಸೊಲೇಶನ್. ಪೈ-ಜೀರೋ ಜೆಟ್‌ನ ಸಂಸಾರದೊಂದಿಗೆ ಬರುತ್ತದೆ, ಹಿಗ್ಸ್‌ನ ಫೋಟಾನ್ ಒಂಟಿ. ಸುತ್ತಲಿನ ಶಂಕುವಿನಲ್ಲಿ ಬೇರೆ ಎಷ್ಟು ಶಕ್ತಿ ಇದೆ ಎಂದು ಕೂಡಿಸಿ ನೋಡುತ್ತಾರೆ.

ಪರೀಕ್ಷೆ ಎಷ್ಟು ಬಿಗಿ ಇರಬೇಕು ಎಂಬುದು ಅಡಿಕೆ ಆರಿಸಿದ ಹಾಗೆ. ಸರಕು, ಬೆಟ್ಟೆ, ರಾಶಿ, ಗೊರಬಲು ಎಂದು ವಿಂಗಡಿಸುವಾಗ ಕೈ ಬಿಗಿಯಾದಷ್ಟೂ ಒಳ್ಳೆಯ ಗುಡ್ಡೆ ಶುದ್ಧ, ಆದರೆ ಚಿಕ್ಕದು. ಹಿಗ್ಸ್‌ಗಳಲ್ಲಿ ಸಾವಿರಕ್ಕೆ ಎರಡೋ ಮೂರೋ ಮಾತ್ರ ಎರಡು ಫೋಟಾನ್ ಆಗುತ್ತವೆ. ಸುಮ್ನೆ ಬಿಗಿ ಮಾಡುತ್ತಾ ಹೋದರೆ ಅವೂ ಕೈತಪ್ಪುತ್ತವೆ. ನಿಜವಾದ ಫೋಟಾನ್‌ಗಳಲ್ಲಿ ಎಷ್ಟು ಉಳಿಯಿತು ಎಂದು ತಿಳಿಯಲು ಝಡ್ ಬೋಸಾನ್ ಎಂಬ ಕಣದಿಂದ ಬರುವ ಎಲೆಕ್ಟ್ರಾನ್‌ಗಳನ್ನು, ಅವುಗಳ ಗೆರೆಯನ್ನು ಲೆಕ್ಕಕ್ಕೆ ಹಿಡಿಯದೆ, ಫೋಟಾನ್ ಎಂದೇ ಎಣಿಸಿ ಪರೀಕ್ಷಿಸುತ್ತಾರೆ. ಹರಳಿನಲ್ಲಿ ಎರಡರ ಶವರ್ ಒಂದೇ ತರಹ ತಾನೇ.

ಎಲ್ಲಿಂದ ಹೊರಟಿತು?

ಫೋಟಾನ್ ಹೊರಟ ಜಾಗ ಹುಡುಕುವುದನ್ನು ಇನ್ನೂ ಪೂರ್ತಿ ಓದಿಲ್ಲ, ತಿಳಿದಷ್ಟು ಬರೆಯುತ್ತೇನೆ. ಮೇಲಿನ ಸೂತ್ರವನ್ನೇ ಹಿಗ್ಸ್‌ಗೆ ಹಾಕಬೇಕಾದರೆ ಎರಡು ಶಕ್ತಿಯ ಜೊತೆಗೆ ಕೋನವೂ ಬೇಕು. ಕೋನಕ್ಕೆ ಹೊರಟ ಜಾಗ ಬೇಕು. ಫೋಟಾನ್ ಗೆರೆ ಬಿಡುವುದಿಲ್ಲವಲ್ಲ, ಮತ್ತೆ ಅದೇ ಗುಣ ಈಗ ಅಡ್ಡ ಬರುತ್ತದೆ. 2012ರಲ್ಲಿ ಕಿರಣಗಳು ಒಮ್ಮೆ ದಾಟುವಾಗ ಸರಾಸರಿ 20ರಷ್ಟು ಡಿಕ್ಕಿಗಳಾಗುತ್ತಿದ್ದವು, ಕೆಲವು ಸೆಂಟಿಮೀಟರ್ ಉದ್ದಕ್ಕೆ ಹರಡಿಕೊಂಡು. ಸರಿಯಾದ ಜಾಗದಿಂದ 1 ಸೆಂಟಿಮೀಟರ್ ಒಳಗೆ ಆರಿಸಿದರೆ ತೂಕದ ಲೆಕ್ಕ ಕೆಡುವುದಿಲ್ಲ. ಸಿಎಂಎಸ್ ಹರಳು ಆಳದಲ್ಲಿ ಒಂದೇ ತುಂಡು, ಫೋಟಾನ್ ಯಾವ ಕಡೆಯಿಂದ ಬಂತೆಂದು ಅದು ಹೇಳಲಾರದು. ಅದಕ್ಕೇ ಅಲ್ಲಿ ಜೊತೆಗೆ ಹೊರಟ ಬೇರೆ ಕಣಗಳ ಗೆರೆಗಳನ್ನು ನೋಡಿ ಜಾಗ ಊಹಿಸುತ್ತಾರೆ. ಅಟ್ಲಾಸ್‌ನಲ್ಲಿ ಪದರಗಳಿವೆ. ಮೊದಲ ಪದರದ ಗುಡ್ಡೆ ಮತ್ತು ಎರಡನೇ ಪದರದ ಗುಡ್ಡೆ ಸೇರಿಸಿ ಗೆರೆ ಎಳೆದರೆ ಅದು ಹೊರಟ ಜಾಗದ ಕಡೆಗೆ ಬೆರಳು ಮಾಡುತ್ತದೆ. ನಾಳೆ ಕರೆಂಟ್ ಇದ್ದರೆ ಇದರ ಲೆಕ್ಕ ಮಾಡಿ ನೋಡುತ್ತೇನೆ.