ವಿಜ್ಞಾನ ಓದುವವರು ದೇವರ ನಂಬಿಕೆಯನ್ನು ಬಿಡಬೇಕೇ?

ವಿಶ್ವವಿದ್ಯಾಲಯದಲ್ಲಿ ವಿಜ್ಞಾನ ಓದಿ ಯಶಸ್ಸು ಕಾಣಬೇಕಾದರೆ ಧರ್ಮದ ಮೇಲಿನ ನಂಬಿಕೆಯನ್ನು ತೊರೆಯಲೇಬೇಕೇ ಎಂಬ ಪ್ರಶ್ನೆಗೆ ಎಷ್ಟು ಬಾರಿ ಉತ್ತರಿಸಿದ್ದೇನೋ ಲೆಕ್ಕವಿಟ್ಟಿಲ್ಲ. ಈ ಬಾರಿಯೂ ಅದೇ ಉತ್ತರ: ಬೇಕಾಗಿಲ್ಲ. ಜೀವವಿಕಾಸದ ಕುರಿತ ಪ್ರಶ್ನೆಯಲ್ಲಿ ಪರೀಕ್ಷಕರು ನೋಡುವುದು ಅದರ ಆಧಾರಗಳು ವಿದ್ಯಾರ್ಥಿಗೆ ತಿಳಿದಿವೆಯೇ, ಆ ಆಧಾರಗಳಿಂದ ತೀರ್ಮಾನಕ್ಕೆ ಬರುವ ದಾರಿ ಅವರಿಗೆ ಗೊತ್ತಿದೆಯೇ ಎಂಬುದನ್ನು; ಅವರು ಪ್ರಾರ್ಥಿಸುತ್ತಾರೆಯೇ ಎಂಬುದನ್ನಲ್ಲ. ಆದರೆ ಆಧಾರ ಕೇಳಿದ ಕಡೆ ನಂಬಿಕೆಯನ್ನು ಬರೆದರೆ ಅಂಕ ಸಿಗುವುದಿಲ್ಲ, ಸಿಗಲೂಬಾರದು.

ಈ ಪ್ರಶ್ನೆ ಮತ್ತೆ ಮತ್ತೆ ಬರುವುದಕ್ಕೆ ಕಾರಣ, ಧರ್ಮವೂ ವಿಜ್ಞಾನವೂ ಹುಟ್ಟಿನಿಂದಲೇ ಶತ್ರುಗಳು ಎಂಬ ಹಟಮಾರಿ ಕಲ್ಪನೆ. ಇದಕ್ಕೆ ಇತಿಹಾಸದ ವೇಷ ತೊಡಿಸಿದವರಲ್ಲಿ ಮುಖ್ಯರು ಅಮೆರಿಕದ ಇಬ್ಬರು ಲೇಖಕರು: 1874ರಲ್ಲಿ ಪುಸ್ತಕ ಬರೆದ ಜಾನ್ ವಿಲಿಯಂ ಡ್ರೇಪರ್ ಮತ್ತು 1896ರಲ್ಲಿ ಎರಡು ಸಂಪುಟಗಳನ್ನು ಹೊರತಂದ ಆಂಡ್ರ್ಯೂ ಡಿಕ್ಸನ್ ವೈಟ್. ವಿಜ್ಞಾನದ ಇತಿಹಾಸಕಾರರು ಈ ಚಿತ್ರವನ್ನು ಕೈಬಿಟ್ಟು ದಶಕಗಳೇ ಕಳೆದಿವೆ. ಆದರೂ ಅದು ತರಗತಿಗಳಲ್ಲಿ ಇನ್ನೂ ಉಳಿದಿರುವುದು ನನಗೆ ಬೇಸರ ತರಿಸುತ್ತದೆ. ಮಧ್ಯಯುಗದ ಯುರೋಪಿನ ವಿದ್ವಾಂಸರು ಭೂಮಿ ಚಪ್ಪಟೆ ಎಂದು ನಂಬಿದ್ದರು ಎಂಬ ಮಾತನ್ನೇ ನೋಡಿ. ಸಾಕ್ರೊಬೋಸ್ಕೊ ಎಂಬ ವಿದ್ವಾಂಸರು 13ನೆಯ ಶತಮಾನದಲ್ಲಿ ಬರೆದ, ಶತಮಾನಗಳ ಕಾಲ ವಿಶ್ವವಿದ್ಯಾಲಯಗಳಲ್ಲಿ ಪಾಠವಾಗಿದ್ದ ಖಗೋಳ ಪಠ್ಯವು ಭೂಮಿ ಗೋಳಾಕಾರದ್ದೆಂದೇ ಕಲಿಸುತ್ತಿತ್ತು.

ಗೆಲಿಲಿಯೋ ವಿಷಯ ಏನು ಎಂದು ಕೇಳುವಿರಿ. ಅವರಿಗೆ ಅನ್ಯಾಯವಾದದ್ದು ನಿಜ: 1633ರಲ್ಲಿ ರೋಮ್‌ನ ಧಾರ್ಮಿಕ ನ್ಯಾಯಮಂಡಳಿ ಭೂಮಿ ಸೂರ್ಯನನ್ನು ಸುತ್ತುತ್ತದೆ ಎಂಬ ಅಭಿಪ್ರಾಯವನ್ನು ಅವರು ತ್ಯಜಿಸುವಂತೆ ಬಲವಂತ ಮಾಡಿತು, 1642ರಲ್ಲಿ ಸಾಯುವವರೆಗೂ ಅವರು ಗೃಹಬಂಧನದಲ್ಲಿದ್ದರು. ಆದರೆ ಅವರು ಸ್ವತಃ ಶ್ರದ್ಧಾವಂತರು. ಧರ್ಮಗ್ರಂಥವೂ ಪ್ರಕೃತಿಯೂ ಒಬ್ಬನೇ ದೇವರಿಂದ ಬಂದಿರುವುದರಿಂದ ಅವೆರಡಕ್ಕೂ ನಿಜವಾದ ವಿರೋಧವಿರಲಾರದು ಎಂದು 1615ರ ಪತ್ರವೊಂದರಲ್ಲಿ ವಾದಿಸಿದ್ದವರು. ಭೂಮಿಯ ಚಲನೆಗೆ ಅವರು ಮುಂದಿಟ್ಟ ಸಮುದ್ರದ ಉಬ್ಬರವಿಳಿತದ ವಾದ ತಪ್ಪಾಗಿತ್ತು. ಭೂಮಿ ಸೂರ್ಯನನ್ನು ಸುತ್ತುವುದರಿಂದ ನಕ್ಷತ್ರದ ಸ್ಥಾನದಲ್ಲಿ ಕಾಣಬೇಕಾದ ಸೂಕ್ಷ್ಮ ಪಲ್ಲಟವನ್ನು ಖಗೋಳಜ್ಞ ಬೆಸೆಲ್ ಅಳೆದು ಪ್ರಕಟಿಸಿದ್ದು 1838ರಲ್ಲಿ. ಅಧಿಕಾರ, ಗ್ರಂಥದ ಅರ್ಥವಿವರಣೆ, ಅಪೂರ್ಣ ಪುರಾವೆ ಎಲ್ಲವೂ ಹೆಣೆದುಕೊಂಡಿದ್ದ ಆ ಪ್ರಕರಣವನ್ನು ಎರಡು ಪಕ್ಷಗಳ ಯುದ್ಧವೆಂದು ಕರೆದರೆ ಅರ್ಧ ಸತ್ಯವೂ ಉಳಿಯುವುದಿಲ್ಲ. ಬಟಾಣಿ ಗಿಡಗಳಿಂದ ಆನುವಂಶಿಕತೆಯ ನಿಯಮಗಳನ್ನು ಕಂಡುಕೊಂಡ ಮೆಂಡೆಲ್ ಮಠದ ಸನ್ಯಾಸಿ. ವಿಶ್ವ ಹಿಗ್ಗುತ್ತಿದೆ ಎಂದು 1927ರಲ್ಲಿ ಬರೆದ ಲಮೇತ್ರ್ ಪಾದ್ರಿ. ತಮ್ಮ ಸಿದ್ಧಾಂತವನ್ನು ಸೃಷ್ಟಿಯ ನಂಬಿಕೆಗೆ ಪುರಾವೆಯಾಗಿ ಬಳಸುವುದನ್ನು ಅವರೇ ಒಪ್ಪಲಿಲ್ಲ. ಆ ಎಚ್ಚರವನ್ನು ಪ್ರತಿಯೊಬ್ಬ ವಿದ್ಯಾರ್ಥಿಯೂ ಗಮನಿಸಬೇಕೆಂಬುದು ನನ್ನ ಆಸೆ.

ಯಾರೂ ನೇರವಾಗಿ ಕೇಳದ ಇನ್ನೊಂದು ಪ್ರಶ್ನೆ ಇಲ್ಲಿದೆ: ನಂಬಿಕೆ ಅಡ್ಡಿಯಲ್ಲದಿದ್ದರೆ ಓದಿಗೆ ಅಡ್ಡಿಯಾಗುವುದು ಯಾವುದು? ನನ್ನ ಅನುಭವದಲ್ಲಿ, ಪರಿಚಯವನ್ನೇ ತಿಳಿವಳಿಕೆ ಎಂದು ಭಾವಿಸುವುದು. ಹಲವು ಸಲ ಕೇಳಿದ್ದರಿಂದಲೇ ಚಪ್ಪಟೆ ಭೂಮಿಯ ಕಥೆ ನಿಜವೆನಿಸಿದಂತೆ, ಹಲವು ಸಲ ಓದಿದ ಪುಟವೂ ಅರ್ಥವಾಗಿದೆ ಎನಿಸುತ್ತದೆ. ಮನೋವಿಜ್ಞಾನಿಗಳಾದ ರೋಡಿಗರ್ ಮತ್ತು ಕಾರ್ಪಿಕೆ 2006ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಪಾಠವನ್ನು ಮತ್ತೆ ಓದಿದವರು ಐದು ನಿಮಿಷಗಳ ನಂತರ ಮುಂದಿದ್ದರು. ವಾರ ಕಳೆದ ಮೇಲೆ, ಓದಿದ್ದನ್ನು ನೆನಪಿನಿಂದ ಬರೆದು ನೋಡಿದ್ದವರೇ ಹೆಚ್ಚು ಉಳಿಸಿಕೊಂಡಿದ್ದರು. ಗೆಲಿಲಿಯೋ ಕುರಿತ ಪಾಠವನ್ನು ಓದಿ ಮುಗಿಸಿದ ಮೇಲೆ ಪುಸ್ತಕ ಮುಚ್ಚಿ, ಭೂಮಿ ಚಲಿಸುತ್ತದೆ ಎನ್ನಲು 1633ರಲ್ಲಿ ಯಾವ ಪುರಾವೆಯಿತ್ತು, 1838ರಲ್ಲಿ ಯಾವುದು ಸೇರಿತು ಎಂದು ಖಾಲಿ ಹಾಳೆಯಲ್ಲಿ ಬರೆಯಿರಿ. ಕೈ ಎಲ್ಲಿ ನಿಲ್ಲುತ್ತದೋ ಅಲ್ಲಿಂದಲೇ ಮತ್ತೆ ಓದಲು ತೊಡಗಿ.