ನಗುವಿಗೆ ಒಂದು ಗೇಣು ಜಾಗ

ಎಡಿಟಿಂಗ್ ಕಲಿಯಲು ಬರುವ ಹುಡುಗರಿಗೆ ನಾನು ಆರ್ಟ್ ಶ್ನೈಡರ್ ಕತೆ ಹೇಳುತ್ತೇನೆ. ಅಮೆರಿಕದ ಎನ್‌ಬಿಸಿ ವಾಹಿನಿಯಲ್ಲಿ 1968ರ ಜನವರಿಯಲ್ಲಿ ಶುರುವಾದ 'ಲಾಫ್-ಇನ್' ಎಂಬ ಹಾಸ್ಯ ಕಾರ್ಯಕ್ರಮದ ಎಡಿಟರ್ ಅವರು. ಗೋಡೆಯ ಕಿಟಕಿ ತೆರೆಯುತ್ತದೆ, ಯಾರೋ ತಲೆ ಹೊರಹಾಕಿ ಒಂದು ಜೋಕ್ ಎಸೆಯುತ್ತಾರೆ, ಕಿಟಕಿ ಮುಚ್ಚುತ್ತದೆ. ನಗಲು ಬಾಯಿ ತೆರೆಯುವಷ್ಟರಲ್ಲಿ ಇನ್ನೊಂದು.

ಇದನ್ನೆಲ್ಲ ಅವರು ಕತ್ತರಿಸಿದ್ದು ಬ್ಲೇಡಿನಲ್ಲಿ! ಆಗಿನ ವಿಡಿಯೋ ಟೇಪು 2 ಇಂಚು ಅಗಲ, ಸೆಕೆಂಡಿಗೆ 15 ಇಂಚು ಓಡುತ್ತಿತ್ತು. ಸಿನಿಮಾ ರೀಲಾದರೆ ಬೆಳಕಿಗೆ ಹಿಡಿದು ಚಿತ್ರ ನೋಡಬಹುದು. ಟೇಪಿನಲ್ಲಿ ಕಾಣುವುದು ಬರೀ ಕಂದು ಬಣ್ಣ. ಹಾಗಾಗಿ ಅದರ ಮೇಲೆ ಕಬ್ಬಿಣದ ನುಣ್ಣನೆಯ ಪುಡಿ ಬೆರೆಸಿದ ದ್ರವ ಬಳಿಯುತ್ತಿದ್ದರು. ಗೆರೆಗಳು ಮೂಡುತ್ತಿದ್ದವು. ಸೂಕ್ಷ್ಮದರ್ಶಕದಲ್ಲಿ ಆ ಗೆರೆ ನೋಡಿಕೊಂಡು ಕತ್ತರಿಸಿ, ಹಿಂದಿನಿಂದ ತೆಳ್ಳಗಿನ ಪಟ್ಟಿ ಅಂಟಿಸಬೇಕು. ಕೂದಲೆಳೆಯಷ್ಟು ತಪ್ಪಿದರೂ ಪರದೆಯ ಮೇಲೆ ಚಿತ್ರ ಉರುಳುತ್ತಿತ್ತು.

ಅಸಲಿ ತಲೆನೋವು ಧ್ವನಿಯದು. ಯಂತ್ರದಲ್ಲಿ ಟೇಪಿನಿಂದ ಚಿತ್ರ ಓದುವ ಭಾಗ, ಅಂದರೆ ಚಿತ್ರದ ಹೆಡ್, ಒಂದು ಕಡೆ, ಧ್ವನಿಯ ಹೆಡ್ ಸುಮಾರು 9 ಇಂಚು ಮುಂದೆ. ನಮ್ಮ ಲೆಕ್ಕದಲ್ಲಿ ಒಂದು ಗೇಣು ಅನ್ನಿ. ಚಿತ್ರ ನೋಡಿ ಕತ್ತರಿಸಿದರೆ, ಹಳೆಯ ದೃಶ್ಯದ ಮಾತು ಹೊಸ ದೃಶ್ಯದ ಮೇಲೆ ಅರ್ಧ ಸೆಕೆಂಡಿಗಿಂತ ಸ್ವಲ್ಪ ಜಾಸ್ತಿ ಹರಿಯುತ್ತದೆ. ಹೊಸ ದೃಶ್ಯದವರ ಮೊದಲ ಪದವೇ ಮಾಯ. ಹಾಸ್ಯದಲ್ಲಿ ಒಂದು ಪದ ಹೋದರೆ ಇನ್ನೇನು ಉಳಿಯಿತು, ಅಲ್ವಾ? ಆ ಧ್ವನಿಯ ತುಣುಕನ್ನು ಬೇರೆ ಯಂತ್ರಕ್ಕೆ ಇಳಿಸಿಕೊಂಡು ಮತ್ತೆ ಜಾಗಕ್ಕೆ ಕೂರಿಸಬೇಕಿತ್ತು. ಎನ್‌ಬಿಸಿಯವರು ಇದಕ್ಕೊಂದು ಉಪಾಯ ಮಾಡಿದ್ದರು: ಕಾರ್ಯಕ್ರಮವನ್ನು 16 ಎಂಎಂ ಫಿಲ್ಮಿಗೂ ಇಳಿಸಿ, ಅದರ ಮೇಲೆ ಸಿನಿಮಾ ಥರ ಎಡಿಟ್ ಮಾಡಿ, ಆಮೇಲೆ ಟೇಪನ್ನು ಅದಕ್ಕೆ ಹೊಂದಿಸಿ ಕತ್ತರಿಸುವುದು. 'ಲಾಫ್-ಇನ್' ಕೆಲಸಕ್ಕೆ ಶ್ನೈಡರ್‌ಗೆ ಅಮೆರಿಕದ ಟಿವಿ ಲೋಕದ ದೊಡ್ಡ ಪ್ರಶಸ್ತಿ ಎಮ್ಮಿ ಬಂತು. ಬರಲೇಬೇಕಿತ್ತು ಬಿಡಿ.

ಹುಡುಗರು ಮೂಗು ಮುರಿಯುತ್ತಾರೆ. ಈಗ ತಪ್ಪಾದರೆ ಅಂಡೂ ಒತ್ತಿದರಾಯ್ತು. ನಾನೂ ಹಾಗೇ ಅಂದುಕೊಂಡಿದ್ದವನೇ. ಹೊಸದರಲ್ಲಿ ಒಂದು ಹಾಸ್ಯ ಕಾರ್ಯಕ್ರಮ ಕತ್ತರಿಸುವಾಗ, ಕಲಾವಿದರು ಪಂಚ್ ಹೇಳುವ ಮೊದಲು ಪಂಚೆ ಸರಿಮಾಡಿಕೊಂಡದ್ದನ್ನು ಸುಮ್ನೆ ವೇಸ್ಟ್ ಎಂದು ತೆಗೆದುಬಿಟ್ಟೆ. ಎಪಿಸೋಡ್ ಚುರುಕಾಯಿತು, ಆದರೆ ಪ್ರಿವ್ಯೂನಲ್ಲಿ ಯಾರೂ ನಗಲಿಲ್ಲ. ನಮ್ಮ ಸೀನಿಯರ್ "ಏಳಪ್ಪಾ" ಎಂದು ನನ್ನ ಕುರ್ಚಿಯಲ್ಲಿ ಕೂತರು. ಆ ಪಂಚೆಯ 15 ಫ್ರೇಮ್, ಅಂದರೆ 15 ಬಿಡಿಚಿತ್ರ, ವಾಪಸ್ ಹಾಕಿದರು. ಸೆಕೆಂಡಿಗೆ 25 ಫ್ರೇಮ್ ನಮ್ಮ ಲೆಕ್ಕ, ನೀವೇ ಭಾಗಿಸಿ ನೋಡಿ. ಮತ್ತೆ ಪ್ಲೇ ಮಾಡಿದಾಗ ಟೀ ತಂದ ಹುಡುಗ ಲೋಟ ಕೆಳಗಿಡುವುದನ್ನೂ ಮರೆತು ನಕ್ಕ.